ಡಾಕ್ಯುಮೆಂಟರಿಯ ಕಥೆ ಹುಟ್ಟುವುದು ಎಡಿಟಿಂಗ್ ಟೇಬಲ್ ಮೇಲೆ

ಒಳ್ಳೆಯ ಡಾಕ್ಯುಮೆಂಟರಿ ನೋಡಿದ ಮೇಲೆ ನಾವು ಯಾರನ್ನು ಹೊಗಳುತ್ತೇವೆ? ನಿರ್ದೇಶಕರನ್ನು, ಕ್ಯಾಮೆರಾ ಹಿಡಿದವರನ್ನು. ಎಡಿಟರ್ ಹೆಸರು ಕೇಳಿದರೆ ಯಾರಿಗೂ ನೆನಪಿರುವುದಿಲ್ಲ. ನನಗೆ ಇದು ತುಂಬಾ ಬೇಸರದ ವಿಷಯ. ಕಥಾಚಿತ್ರಕ್ಕಾದರೆ ಮೊದಲೇ ಬರೆದ ಸ್ಕ್ರಿಪ್ಟ್ ಇರುತ್ತದೆ. ನಡೆಯುವುದನ್ನು ನಡೆದಂತೆಯೇ ಚಿತ್ರೀಕರಿಸುವ ಡಾಕ್ಯುಮೆಂಟರಿಗೆ ಅದೂ ಇರುವುದಿಲ್ಲ. ಗಂಟೆಗಟ್ಟಲೆ ಫುಟೇಜ್ ಮುಂದೆ ಕೂತು ಕಥೆ ಹುಡುಕುವವರು ಎಡಿಟರ್ ಅಲ್ವಾ?

ಅಮೆರಿಕದ ಎಡಿಟರ್ ಶಾರ್ಲೆಟ್ ಜ್ವೆರಿನ್ ಅವರ ಕೆಲಸ ನೋಡಿ. ಹುಟ್ಟಿದ್ದು 1931ರಲ್ಲಿ, ಡೆಟ್ರಾಯಿಟ್‌ನಲ್ಲಿ. ಡಾಕ್ಯುಮೆಂಟರಿ ಮಾಡುತ್ತಿದ್ದ ಆಲ್ಬರ್ಟ್ ಮತ್ತು ಡೇವಿಡ್ ಮೇಸಲ್ಸ್ ಸಹೋದರರು ಮನೆಮನೆಗೆ ಹೋಗಿ ಬೈಬಲ್ ಮಾರುವ ನಾಲ್ವರ ಬೆನ್ನು ಹತ್ತಿ ಚಿತ್ರೀಕರಿಸಿದರು. ಅದೇ 1969ರ 'ಸೇಲ್ಸ್‌ಮನ್'. ನಿರೂಪಣೆಯ ದನಿಯೂ ಇಲ್ಲದ ಚಿತ್ರ. ಮೊದಲು ಅದನ್ನು ನಾಲ್ವರ ಕಥೆಯಾಗಿಯೇ ಜೋಡಿಸಲು ಹೊರಟಿದ್ದರು. ಎಡಿಟಿಂಗ್‌ಗೆ ಕೂತ ಜ್ವೆರಿನ್ ಮತ್ತು ಡೇವಿಡ್‌ಗೆ ಇದು ಪಾಲ್ ಬ್ರೆನನ್ ಒಬ್ಬನ ಕಥೆ ಎಂಬುದು ನಿಧಾನವಾಗಿ ಹೊಳೆಯಿತು. ವ್ಯಾಪಾರ ಕುದುರದೆ ಒಳಗೊಳಗೇ ಕುಸಿಯುತ್ತಿರುವ ಮನುಷ್ಯ ಅವನು. ಚಿತ್ರಕ್ಕೆ ಜೀವ ಬಂದಿದ್ದೇ ಅಲ್ಲಿಂದ. ಸಹೋದರರು ಆಕೆಯ ಹೆಸರನ್ನು ತಮ್ಮ ಜೊತೆ ನಿರ್ದೇಶಕಿ ಎಂದೇ ಹಾಕಿದರು. ಆ ಕಾಲದಲ್ಲಿ ಅದು ದೊಡ್ಡ ಮಾತು.

ಆಮೇಲೆ ಬಂದಿದ್ದು 'ಗಿಮ್ಮಿ ಶೆಲ್ಟರ್' (1970). ಬ್ರಿಟನ್ನಿನ ರಾಕ್ ಸಂಗೀತ ತಂಡ ರೋಲಿಂಗ್ ಸ್ಟೋನ್ಸ್ ಕೈಗೊಂಡ ಅಮೆರಿಕ ಪ್ರವಾಸದ ಚಿತ್ರ. 1969ರ ಡಿಸೆಂಬರ್ 6ರಂದು ಕ್ಯಾಲಿಫೋರ್ನಿಯಾದ ಆಲ್ಟಮಾಂಟ್‌ನಲ್ಲಿ ನಡೆದ ಕಾರ್ಯಕ್ರಮದಲ್ಲಿ, ವೇದಿಕೆಯ ಹತ್ತಿರವೇ ಮೆರಿಡಿತ್ ಹಂಟರ್ ಎಂಬ 18 ವರ್ಷದ ಹುಡುಗನನ್ನು ಇರಿದು ಕೊಂದರು. ಅದು ಕ್ಯಾಮೆರಾದಲ್ಲಿ ಸೆರೆಯಾಗಿತ್ತು. ಇಂಥ ದೃಶ್ಯ ಕೈಯಲ್ಲಿದ್ದರೆ ಸುಮ್ನೆ ಕೊನೆಗೆ ಅಂಟಿಸಿ ಪ್ರೇಕ್ಷಕರನ್ನು ಬೆಚ್ಚಿಬೀಳಿಸಬಹುದಿತ್ತು. ಜ್ವೆರಿನ್ ಬೇರೆ ದಾರಿ ಹಿಡಿದರು. ತಂಡದವರನ್ನೇ ಎಡಿಟಿಂಗ್ ಟೇಬಲ್ ಮುಂದೆ ಕೂರಿಸಿ, ಫುಟೇಜ್ ತೋರಿಸಿ, ಅವರು ನೋಡುವುದನ್ನು ಚಿತ್ರೀಕರಿಸುವ ಯೋಚನೆ ಆಕೆಯದು. ಹಾಗಾಗಿ ಸಾವಿನ ಸುದ್ದಿ ನಮಗೆ ಮೊದಲೇ ಗೊತ್ತಾಗುತ್ತದೆ. ಆಮೇಲೆ ಬರುವ ಪ್ರತಿ ಹಾಡೂ ಭಾರವಾಗುತ್ತದೆ. ತಂಡದ ಗಾಯಕ ಮಿಕ್ ಜ್ಯಾಗರ್ ಆ ದೃಶ್ಯವನ್ನು ಮತ್ತೆ ನೋಡುವಾಗ ನಾವು ನೋಡುವುದು ಅವನ ಮುಖವನ್ನು. ನನ್ನ ಪ್ರಕಾರ ಆ ಚಿತ್ರದ ಬರಹಗಾರ್ತಿ ಜ್ವೆರಿನ್.

ಬೇರೆಯವರ ಫುಟೇಜ್‌ಗೆ ರೂಪ ಕೊಡುತ್ತಲೇ ಇದ್ದ ಆಕೆ ಮುಂದೆ ತಾವೇ ನಿರ್ದೇಶಕಿ, ನಿರ್ಮಾಪಕಿ ಎರಡೂ ಆದರು. ಜಾಜ್ ಪಿಯಾನೋ ವಾದಕ ಥೆಲೋನಿಯಸ್ ಮಂಕ್ ಬಗ್ಗೆ 1960ರ ದಶಕದ ಕೊನೆಯಲ್ಲಿ ಬ್ಲ್ಯಾಕ್‌ವುಡ್ ಸಹೋದರರು ಚಿತ್ರೀಕರಿಸಿದ್ದ ಫುಟೇಜ್ ವರ್ಷಗಟ್ಟಲೆ ಹಾಗೇ ಬಿದ್ದಿತ್ತು. ಜ್ವೆರಿನ್ ಮತ್ತು ಬ್ರೂಸ್ ರಿಕರ್ ಸೇರಿ ಅದನ್ನು ಆಧರಿಸಿ ಚಿತ್ರ ನಿರ್ಮಿಸಿದರು. ಬೆಂಬಲಕ್ಕೆ ನಿಂತವರು ಜಾಜ್ ಪ್ರೇಮಿಯಾದ ಹಾಲಿವುಡ್ ನಟ ಕ್ಲಿಂಟ್ ಈಸ್ಟ್‌ವುಡ್. 1988ರಲ್ಲಿ ಚಿತ್ರ ಹೊರಬಂದಾಗ ಮಂಕ್ ತೀರಿಕೊಂಡು ಆರು ವರ್ಷವಾಗಿತ್ತು. ಯಾವ ತುಣುಕು ಉಳಿಯಬೇಕು ಎಂದು ಬಲ್ಲವರ ಕೈಗೇ ಚಿತ್ರ ಮುಗಿಸುವ ಅಧಿಕಾರವೂ ಸಿಕ್ಕರೆ ಏನಾಗುತ್ತದೆ ಅನ್ನುವುದಕ್ಕೆ ಆ ಚಿತ್ರ ನೋಡಬೇಕು.

ನಮ್ಮಲ್ಲೂ ಫಿಲಂ ಸೊಸೈಟಿಗಳು, ಕಾಲೇಜುಗಳು ಡಾಕ್ಯುಮೆಂಟರಿ ತೋರಿಸುತ್ತವೆ. ಮುಗಿದ ಮೇಲೆ ಸಂವಾದಕ್ಕೆ ನಿರ್ದೇಶಕರ ಜೊತೆ ಎಡಿಟರ್ ಅನ್ನೂ ಕರೆಯಿರಿ. ಶೂಟ್ ಆಗಿದ್ದರಲ್ಲಿ ಏನನ್ನು ಬಿಟ್ಟಿರಿ, ಯಾಕೆ ಬಿಟ್ಟಿರಿ ಎಂದು ಅವರನ್ನೇ ಕೇಳಿ.