ಹೊಸ್ತಿಲು ದಾಟಿ ಸತ್ತರೆ ಲೆಕ್ಕಕ್ಕಿಲ್ಲ

ಪಕ್ಕದ ಮನೆ ಮೇಷ್ಟ್ರಿಗೆ ಮತ್ತೆ ಎಲೆಕ್ಷನ್ ಡ್ಯೂಟಿ ಬಿದ್ದಿದೆ. ಆದೇಶದ ಪ್ರತಿ ಹಿಡಿದು ಕಾಂಪೌಂಡ್ ಹತ್ತಿರ ನಿಂತಿದ್ದರು. ಅವರ ಮನೆಯವರು ಒಳಗಿಂದಲೇ ಕೇಳಿದರು: “ಸಾರ್, ಇವ್ರು ಡ್ಯೂಟಿ ಮುಗಿಸಿ ಮನೆಗೆ ಬಂದ್ಮೇಲೆ ಏನಾದ್ರೂ ಆದ್ರೆ ಲೆಕ್ಕಕ್ಕೆ ಬರಲ್ವಂತೆ, ಹೌದಾ?”

ಆಯಮ್ಮ 2021 ಮರೆತಿಲ್ಲ.

ಉತ್ತರ ಪ್ರದೇಶದ ‘ಮೂವರು’ ನಿಮಗೂ ನೆನಪಿರಬೇಕು. ಕೊರೊನಾ ಎರಡನೇ ಅಲೆ ಬಡಿಯುತ್ತಿದ್ದ ಏಪ್ರಿಲ್‌ನಲ್ಲಿ ನಾಲ್ಕು ಹಂತದ ಪಂಚಾಯಿತಿ ಚುನಾವಣೆ. ಡ್ಯೂಟಿಗೆ ಹೋಗಿ ಸತ್ತ ಶಿಕ್ಷಕರು, ಸಿಬ್ಬಂದಿ 1,621 ಮಂದಿ ಅಂತ ಶಿಕ್ಷಕರ ಸಂಘ ಪಟ್ಟಿ ಕೊಟ್ಟಿತು. ಶಿಕ್ಷಣ ಇಲಾಖೆ ಕೂಡಿ ಕಳೆದು ಹೇಳಿತು: ಮೂವರು. ಲೆಕ್ಕದ ಮೇಷ್ಟ್ರುಗಳೂ ಹೋಗಿದ್ದರಲ್ಲ, ತಿದ್ದುವವರು ಯಾರು?

ಹಾಗೆ ನೋಡಿದರೆ ಇಲಾಖೆಯ ಲೆಕ್ಕದಲ್ಲಿ ತಪ್ಪೇ ಇರಲಿಲ್ಲ. ನಿಯಮ ಹಾಗಿದೆ. ಮನೆ ಬಿಟ್ಟಾಗಿನಿಂದ ಮನೆ ಸೇರುವವರೆಗೆ ಡ್ಯೂಟಿ. ಅಷ್ಟರೊಳಗೆ ಸತ್ತರೆ ಪರಿಹಾರ. ಹೊಸ್ತಿಲು ದಾಟಿ, ಚಪ್ಪಲಿ ಬಿಟ್ಟು, ಕಾಲು ತೊಳೆದ ಮೇಲೆ ಸತ್ತರೆ ಅದು ಸ್ವಂತ ಖರ್ಚಿನ ಸಾವು.

ತಪ್ಪೆಲ್ಲ ವೈರಸ್ಸಿನದು. ಕಚೇರಿ ಶಿಸ್ತು ಗೊತ್ತಿಲ್ಲದ ಜಂತು. ಮತಗಟ್ಟೆಯಲ್ಲಿ ಹಿಡಿದ ಮೇಲೆ ಪೆಟ್ಟಿಗೆಗೆ ಸೀಲ್ ಬೀಳುವುದರೊಳಗೆ ಅಲ್ಲೇ ಕೆಲಸ ಮುಗಿಸಬೇಕಿತ್ತು. ಅದು ಬಿಟ್ಟು ಮೇಷ್ಟ್ರ ಜೊತೆ ಬಸ್ಸು ಹತ್ತಿ, ಮನೆಗೆ ಬಂದು, ವಾರಗಟ್ಟಲೆ ಕಾಲಹರಣ ಮಾಡಿದರೆ ಸರ್ಕಾರ ಏನು ಮಾಡಬೇಕು?

ಡ್ಯೂಟಿಗೆ ಹೋದವರಿಗೆ ಮಸ್ಟರಿಂಗ್ ಕೇಂದ್ರ, ಅಂದರೆ ಮತಗಟ್ಟೆಗೆ ಹೊರಡುವ ಮುಂಚೆ ಸಾಮಾನು ಹಂಚುವ ಜಾಗ, ಗೊತ್ತಿರುತ್ತದೆ. ಶಾಮಿಯಾನ, ಮೈಕಿನಲ್ಲಿ ಬೂತ್ ನಂಬರಿನ ಕೂಗು, ಕಾಗದದ ತಟ್ಟೆಯಲ್ಲಿ ತಣ್ಣಗಾದ ಪಲಾವ್. ಅರಗು, ದಾರ, ಗುಂಡುಸೂಜಿ, ಲಕೋಟೆ ಎಲ್ಲ ಎಣಿಸಿ ಸಹಿ ಹಾಕಿಸಿಕೊಂಡು ಕೊಡುತ್ತಾರೆ. ಮಾರನೇ ದಿನ ರಾತ್ರಿ ವಾಪಸ್ ಒಪ್ಪಿಸುವಾಗ ಒಂದು ಲಕೋಟೆ ಕಡಿಮೆಯಾದರೆ ಮುಗಿಯಿತು, ಹನ್ನೊಂದಾದರೂ ಬಿಡುವುದಿಲ್ಲ. ಚೀಲ ಕೆದಕಿ, ಬಸ್ಸಿನ ಸೀಟಿನ ಕೆಳಗೆ ಟಾರ್ಚು ಬಿಟ್ಟು ಹುಡುಕಿಸುತ್ತಾರೆ. ಲಕೋಟೆ ತಂದ ಮನುಷ್ಯ ಹದಿನೈದು ದಿನದ ಮೇಲೆ ಇದ್ದಾನೋ ಇಲ್ಲವೋ ಅನ್ನುವುದಕ್ಕೆ ಮಾತ್ರ ಯಾವ ಫಾರಂನಲ್ಲೂ ಕಾಲಂ ಇಲ್ಲ.

ಕನಿಷ್ಠ 1 ಕೋಟಿ ಆದರೂ ಕೊಡಿ ಅಂತ ಅಲಹಾಬಾದ್ ಹೈಕೋರ್ಟ್ ಹೇಳಿತು. ಸರ್ಕಾರ 30 ಲಕ್ಷಕ್ಕೇ ನಿಂತಿತು. ಬೈಗುಳ ಜಾಸ್ತಿಯಾದ ಮೇಲೆ ನಿಯಮ ಸಡಿಲಿಸಿ, ಡ್ಯೂಟಿಯಾಗಿ 30 ದಿನದೊಳಗೆ ಸತ್ತವರೂ ಆಗಬಹುದು ಅಂದಿತು. ಉದಾರ ಮನಸ್ಸು. ವೆಂಟಿಲೇಟರ್ ಮೇಲೆ ಮೂವತ್ತೊಂದನೇ ದಿನ ಕಂಡವನು ಅತಿಯಾಸೆ ಪಟ್ಟ ಅಂತಲೇ ಅರ್ಥ. ಆಮೇಲೆ ನೋಡಿದರೆ ಎಲ್ಲ ಇಲಾಖೆ ಸೇರಿ 2,000ಕ್ಕೂ ಹೆಚ್ಚು ಕುಟುಂಬಗಳು ಅರ್ಹವಂತೆ! ಮೂರರಿಂದ ಅಲ್ಲಿಗೆ. ಮೊದಲು ‘ಮೂವರು’ ಅಂತ ಬರೆದ ಕೈ ಯಾರದ್ದು ಅಂತ ಯಾರೂ ಕೇಳಲಿಲ್ಲ.

ನಾವೇನು ಹಿಂದೆ ಬಿದ್ದಿರಲಿಲ್ಲ. ಅದೇ ಏಪ್ರಿಲ್ 17ಕ್ಕೆ ಬೆಳಗಾವಿ, ಬಸವಕಲ್ಯಾಣ, ಮಸ್ಕಿಯಲ್ಲಿ ಉಪಚುನಾವಣೆ ಮಾಡಿದೆವು. ನಮ್ಮ ಮೇಷ್ಟ್ರುಗಳೂ ಹೋದರು, ಬಂದರು, ಕೆಲವರು ಮಲಗಿದವರು ಏಳಲಿಲ್ಲ.

ತಮಾಷೆ ಮಾಡಿ ಮಾಡಿ ನನಗೂ ಸಾಕಾಗಿದೆ. ಚುನಾವಣೆ ಮುಂದಕ್ಕೆ ಹಾಕಿ ಅಂತ ಉತ್ತರ ಪ್ರದೇಶದ ಆ ಮೇಷ್ಟ್ರುಗಳು ಮೊದಲೇ ಅಂಗಲಾಚಿದ್ದರು. ಹೋಗದಿದ್ದರೆ ಸಸ್ಪೆಂಡ್ ಅಂತ ಹೆದರಿಸಿ ಕಳಿಸಿದಿರಿ. ಸತ್ತ ಮೇಲೆ ಹೆಂಡತಿ ಕೈಯಲ್ಲಿ ಮರಣ ಪತ್ರ, ಟೆಸ್ಟ್ ರಿಪೋರ್ಟು, ಡ್ಯೂಟಿ ಆದೇಶ ಹಿಡಿಸಿ ಟೇಬಲ್ಲಿಂದ ಟೇಬಲ್ಲಿಗೆ ಅಲೆಸಿದಿರಿ. ಆ ತಿಂಗಳು ಟೆಸ್ಟ್ ಎಲ್ಲಿ ಸಿಗುತ್ತಿತ್ತು ಸ್ವಾಮಿ? ಹಾಸಿಗೆಯೇ ಸಿಗುತ್ತಿರಲಿಲ್ಲ.

ನಿಯಮ ಹಾಗೇ ಇದೆ ಅಂತ ಆಯಮ್ಮನಿಗೆ ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದರು.

“ಹಂಗಾದ್ರೆ ಬಂದ್ಮೇಲೆ ಒಂದು ತಿಂಗಳು ಜಗಲಿ ಮೇಲೇ ಹಾಸಿಕೊಡ್ತೀನಿ. ಒಳಗೆ ಕಾಲಿಡೋದು ಬೇಡ” ಅಂದರು.

ಮೇಷ್ಟ್ರು ನಗಲಿಲ್ಲ. ಜಗಲಿ ಎಷ್ಟು ಅಗಲ ಇದೆ ಅಂತ ನೋಡುತ್ತಿದ್ದರು.