ಸುತ್ತಲೂ ಬೇರೆಯವರ ಗಡಿ, ನಡುವೆ ಕಿತಯಾಮ

ಜಪಾನಿನ ನಕ್ಷೆಯಲ್ಲಿ ವಾಕಯಾಮ ಪ್ರಿಫೆಕ್ಚರ್ ಎಲ್ಲಿದೆ ನೋಡಿ. ಪ್ರಿಫೆಕ್ಚರ್ ಅಂದರೆ ಹೆಚ್ಚುಕಡಿಮೆ ನಮ್ಮ ರಾಜ್ಯದ ಹಾಗೆ. ಅದರ ಗಡಿ ದಾಟಿ ಆಚೆ, ಬೆಟ್ಟಗಳ ನಡುವೆ, ಅದೇ ಬಣ್ಣದ ಇನ್ನೊಂದು ತುಂಡು ಕಾಣುತ್ತದೆ. ಅದು ಕಿತಯಾಮ ಗ್ರಾಮ. ಒಂದು ಕಡೆ ಮಿಎ, ಇನ್ನೊಂದು ಕಡೆ ನಾರಾ. ವಾಕಯಾಮದ ಒಂದು ಊರೂ ಇದಕ್ಕೆ ನೆರೆಯಲ್ಲ. ಇಡೀ ಗ್ರಾಮವೇ ಹೀಗೆ ಬೇರೆ ಪ್ರಿಫೆಕ್ಚರ್‌ಗಳ ನಡುವೆ ಇರುವುದು ಜಪಾನಿನಲ್ಲಿ ಇದೊಂದೇ. ಜನ ಸುಮಾರು 400.

ಇದನ್ನು ಆಡಳಿತದ ಎಡವಟ್ಟು ಅಂತ ಸುಲಭವಾಗಿ ಹೇಳಿಬಿಡಬಹುದು. ನನಗೆ ಮಾತ್ರ ಇಷ್ಟು ಅರ್ಥಪೂರ್ಣವಾದ ಗಡಿ ಇನ್ನೊಂದು ಕಂಡಿಲ್ಲ.

ಹಿಂದೆ ಈ ಸೀಮೆಯೆಲ್ಲ ಮುರೊ ಅನ್ನುವ ಒಂದೇ ಗುನ್ ಆಗಿತ್ತು. ಗುನ್ ಅಂದರೆ ಹೆಚ್ಚುಕಡಿಮೆ ನಮ್ಮ ತಾಲ್ಲೂಕು. 1871ರಲ್ಲಿ ಮೇಜಿ ಸರ್ಕಾರ ಹಳೆಯ ಪಾಳೆಯಗಳನ್ನು ರದ್ದು ಮಾಡಿ ಪ್ರಿಫೆಕ್ಚರ್‌ಗಳನ್ನು ಕಟ್ಟಿತು. ಆಗ ಮುರೊ ಎರಡು ಪಾಲಾಯಿತು. ಕುಮಾನೊ ನದಿಯ ಪೂರ್ವದ ಭಾಗ ಬೇರೆಯಾಗಿ ಕೊನೆಗೆ ಮಿಎ ಸೇರಿತು. ಪಶ್ಚಿಮದ ಭಾಗ ವಾಕಯಾಮದಲ್ಲೇ ಉಳಿಯಿತು. ಆಮೇಲೆ ಒಂದು ಮುರೊ ನಾಲ್ಕಾಯಿತು: ವಾಕಯಾಮದಲ್ಲಿ ಹಿಗಾಶಿಮುರೊ, ನಿಶಿಮುರೊ, ಮಿಎಯಲ್ಲಿ ಕಿತಮುರೊ, ಮಿನಾಮಿಮುರೊ.

ನಕ್ಷೆಯ ಲೆಕ್ಕದಲ್ಲಿ ಕಿತಯಾಮ ನಾರಾಕ್ಕೋ ಮಿಎಗೋ ಹೋಗಬೇಕಿತ್ತು. ಆದರೆ ಊರಿನವರ ಹೊಟ್ಟೆಪಾಡು ನದಿಯಲ್ಲಿತ್ತು. ಬೆಟ್ಟದ ಮರ ಕಡಿದು, ತೆಪ್ಪ ಕಟ್ಟಿ, ಕಿತಯಾಮ ನದಿಯಲ್ಲಿ ತೇಲಿಸಿಕೊಂಡು ಸಮುದ್ರದ ಹತ್ತಿರದ ಶಿಂಗೂ ಪೇಟೆಗೆ ಒಯ್ಯುತ್ತಿದ್ದರು. ಕಡಿದಾದ ಕಣಿವೆ, ಬಿರುಸಾದ ನೀರು, ಅದರ ಮೇಲೆ ತೆಪ್ಪ ನಡೆಸುವ ಇಕಾದಾಶಿಗಳು. ಮರ ಮಾರಾಟವಾಗುತ್ತಿದ್ದದ್ದು ಶಿಂಗೂನಲ್ಲಿ, ದುಡ್ಡು ಬರುತ್ತಿದ್ದದ್ದೂ ಅಲ್ಲಿಂದಲೇ. ಶಿಂಗೂ ವಾಕಯಾಮಕ್ಕೆ ಸೇರಿದಾಗ ಇವರೂ ವಾಕಯಾಮವನ್ನೇ ಕೇಳಿದರು. ಅವರ ಮಾತು ನಡೆಯಿತು. 1889ರಲ್ಲಿ ನಾನಾಇರೊ, ಓನುಮಾ ಮುಂತಾದ ಐದು ಹಳ್ಳಿಗಳು ಸೇರಿ ಕಿತಯಾಮ ಗ್ರಾಮವಾದಾಗ ಅದು ಹಿಗಾಶಿಮುರೊ ಗುನ್‌ನ ಊರಾಗಿತ್ತು.

ಅದೇ ವರ್ಷ ದೇಶದಾದ್ಯಂತ ನಡೆದದ್ದನ್ನೂ ನೋಡಬೇಕು. 71,000ಕ್ಕೂ ಜಾಸ್ತಿ ಇದ್ದ ಊರು, ಹಳ್ಳಿಗಳನ್ನು ಸುಮಾರು 16,000ಕ್ಕೆ ಇಳಿಸಿದರು. ಎಷ್ಟು ಊರುಗಳನ್ನು ಕೇಳಿ ಮಾಡಿರಬಹುದು? ಅಂಥ ಕಾಲದಲ್ಲಿ ಬೆಟ್ಟದ ಮೂಲೆಯ ಮರ ಕಡಿಯುವವರು ತಮಗೆ ಬೇಕಾದ ಕಡೆ ಉಳಿದುಕೊಂಡರು. ಅದಕ್ಕೇ ಈ ಗಡಿಯ ಮೇಲೆ ನನಗೆ ಇಷ್ಟು ಗೌರವ.

ಗುನ್‌ನ ಕಥೆ ಬೇಗ ಮುಗಿಯಿತು. 1923ರಲ್ಲಿ ಅದರ ಸಭೆ ಹೋಯಿತು, 1926ರಲ್ಲಿ ಕಚೇರಿಯೂ ಹೋಯಿತು. ಈಗ ಹಿಗಾಶಿಮುರೊ ಅನ್ನುವುದು ವಿಳಾಸದಲ್ಲಿ ಬರೆಯುವ ಹೆಸರು, ಅಷ್ಟೇ. ಆ ಹೆಸರಿನ ಅಡಿಯಲ್ಲಿದ್ದ ಊರುಗಳೂ ಒಂದೊಂದಾಗಿ ಕಳಚಿಕೊಂಡವು. ಶಿಂಗೂ 1933ರಲ್ಲೇ ನಗರವಾಗಿ ಹೊರಗೆ ಹೋಯಿತು. 2005ರಲ್ಲಿ ಹೊಂಗೂ ಪಟ್ಟಣ ತನಾಬೆಗೆ, ಕುಮಾನೊಗಾವ ಪಟ್ಟಣ ಶಿಂಗೂಗೆ ಸೇರಿದವು.

ಕಿತಯಾಮಕ್ಕೆ ನಿಜವಾದ ಪೆಟ್ಟು ಬಿದ್ದದ್ದು ಅಣೆಕಟ್ಟುಗಳಿಂದ. 1960ರ ದಶಕದಲ್ಲಿ ನದಿಗೆ ಅಡ್ಡ ಗೋಡೆ ಎದ್ದಿತು, ಮರ ಸಾಗಿಸುವ ತೆಪ್ಪ ನಿಂತಿತು. ಯಾವ ಕಾರಣಕ್ಕೆ ವಾಕಯಾಮ ಬೇಕು ಅಂದಿದ್ದರೋ ಆ ಕಾರಣವೇ ಇಲ್ಲವಾಯಿತು. 'ಇನ್ನೇಕೆ ಈ ಹಟ, ಪಕ್ಕದವರ ಜೊತೆ ಸೇರಿ' ಅನ್ನುವುದು ಆಗ ಬಹಳ ಸುಲಭದ ಮಾತು, ಅಲ್ವಾ? ಊರು ಬೇರೆ ದಾರಿ ಹಿಡಿಯಿತು. 1979ರಲ್ಲಿ ಅದೇ ತೆಪ್ಪದ ಕಸುಬನ್ನು ಪ್ರವಾಸಿಗರಿಗಾಗಿ ಮತ್ತೆ ಶುರು ಮಾಡಿತು. ಆ ಸೀಮೆಯ ಜಬಾರ ಅನ್ನುವ ಹುಳಿ ಹಣ್ಣನ್ನು ಬೆಳೆಸಿ, ಗ್ರಾಮಾಡಳಿತವೇ ಇಂಟರ್ನೆಟ್‌ನಲ್ಲಿ ಮಾರಲು ನಿಂತಿತು.

1999ರಲ್ಲಿ ದೇಶದಲ್ಲಿ 3,232 ನಗರ, ಪಟ್ಟಣ, ಗ್ರಾಮಗಳಿದ್ದವು. 2010ಕ್ಕೆ 1,727 ಉಳಿದವು. ಸರ್ಕಾರ ಸಾಲದ ಆಸೆ ತೋರಿಸಿ ಊರುಗಳನ್ನು ಕೂಡಿಸಿತು. ದುಡ್ಡಿಲ್ಲದ, ಮುದುಕರೇ ಜಾಸ್ತಿ ಇರುವ ಊರಿಗೆ ಬೇರೆ ದಾರಿ ಕಡಿಮೆ, ಅದು ನನಗೂ ಗೊತ್ತು. ಒಟ್ಟಾಗುವುದರಲ್ಲಿ ತಪ್ಪೇನಿಲ್ಲ, ಊರಿನವರಿಗೆ ಅದೇ ಬೇಕಿದ್ದರೆ. ನಾಗಾನೊದ ಯಾಮಗುಚಿ ಗ್ರಾಮ 2005ರಲ್ಲಿ ಪ್ರಿಫೆಕ್ಚರ್ ಗಡಿಯನ್ನೇ ದಾಟಿ ಗಿಫುವಿನ ನಕತ್ಸುಗಾವ ನಗರವನ್ನು ಸೇರಿತು. ಅವರ ಓಡಾಟ, ವ್ಯವಹಾರ ಆ ಕಡೆಗಿತ್ತು. ಅದನ್ನೂ ನಾನು ಸರಿ ಅನ್ನುತ್ತೇನೆ.

ಕಿತಯಾಮ ಸೇರಲಿಲ್ಲ. ತನ್ನದೇ ಗ್ರಾಮಾಧ್ಯಕ್ಷ, ತನ್ನದೇ ಸಭೆ ಇಟ್ಟುಕೊಂಡು ಉಳಿದಿದೆ. ನಾನೂರು ಜನಕ್ಕೆ ಒಂದು ಪೂರ್ತಿ ಆಡಳಿತ ದುಬಾರಿ ಅಂತ ಲೆಕ್ಕ ಹಾಕುವವರು ಹಾಕಲಿ. ದೂರದ ನಗರಸಭೆಯಲ್ಲಿ ಈ ನಾನೂರು ಮತಕ್ಕೆ ಎಷ್ಟು ಬೆಲೆ ಸಿಗುತ್ತದೆ ಅನ್ನುವುದನ್ನೂ ಅದೇ ಹಾಳೆಯಲ್ಲಿ ಬರೆಯಲಿ.