ಕಿವಿ ಮಾಡಲು ಹೋಗಿ ಟೋಪಿ ಹಾಕಿಕೊಂಡವರು

ಎಡವಟ್ಟು ಅಂಗಡಿಯಲ್ಲೇ ಶುರುವಾಗುತ್ತದೆ. ಪಾಸ್ತಾ ಪ್ಯಾಕೆಟ್ಟಿನ ಮೇಲಿನ ಅಕ್ಷರಗಳನ್ನು ಇಂಗ್ಲಿಷಿನ ಹಾಗೆ ಕೂಡಿಸಿ ಓದಿದವರು ‘ಒರೆಚಿಯೆಟ್ಟಿ’ ಅನ್ನುತ್ತಾರೆ. ಅವಸರದವರು ‘ಆರ್ಚಿಟ್ಟೆ’ ಅಂದುಬಿಟ್ಟು ಪಾಸ್ತಾದೊಳಗೆ ಒಂದು ಚಿಟ್ಟೆಯನ್ನೂ ಹಾರಿಬಿಡುತ್ತಾರೆ. (ಚಿಟ್ಟೆಯಾಕಾರದ ಪಾಸ್ತಾ ಬೇರೆಯೇ ಇದೆ, ಫರ್ಫಾಲ್ಲೆ ಅಂತ. ಅದರ ತಂಟೆ ಇಲ್ಲಿ ಬೇಡ.) ಇದು ಒರೆಕ್ಕ್ಯೆತ್ತೆ, ಪುಟ್ಟ ಕಿವಿಯಾಕಾರದ ಇಟಲಿಯ ಪಾಸ್ತಾ. ಇಟಾಲಿಯನ್ನಿನಲ್ಲಿ ‘ಸಿ’ ಪಕ್ಕ ‘ಎಚ್’ ಕೂತರೆ ಅದು ‘ಕ’ ಆಗುತ್ತದೆ, ‘ಟಿ’ ಎರಡಿದ್ದರೆ ಹಲ್ಲಿಗೆ ನಾಲಿಗೆ ತಗುಲಿಸಿ ಹೇಳುವ ನಮ್ಮ ‘ತ್ತ’. ಕತೆಗೂ ಕತ್ತೆಗೂ ವ್ಯತ್ಯಾಸ ಗೊತ್ತಿರುವವರಿಗೆ ಒತ್ತಕ್ಷರದ ಪಾಠ ಬೇಕಾಗಿಲ್ಲ. ಈ ಒಂದು ವಿಷಯದಲ್ಲಿ ಕನ್ನಡಿಗರು ಲಂಡನ್ನಿನವರಿಗಿಂತ ಮುಂದೆ. ಒರೆಕ್ಕ್ಯೊ ಅಂದರೆ ಕಿವಿ. ಪುಟ್ಟ ಕಿವಿ ಒರೆಕ್ಕ್ಯೆತ್ತಾ. ತಟ್ಟೆ ತುಂಬ ಇದ್ದರೆ ಒರೆಕ್ಕ್ಯೆತ್ತೆ.

ಇದರ ಸೀಮೆ ಪುಲ್ಯಾ, ಇಟಲಿಯೆಂಬ ಬೂಟಿನ ಹಿಮ್ಮಡಿ. ಅದರ ರಾಜಧಾನಿ ಬಾರಿ. ಅಲ್ಲಿನ ಹಳೇ ಪೇಟೆಯಲ್ಲಿ ಆರ್ಕೊ ಬಾಸ್ಸೊ ಅನ್ನುವ ಓಣಿಯುಂಟು. ಹೆಂಗಸರು ಮನೆಬಾಗಿಲಿಗೆ ಮರದ ಹಲಗೆ ಹಾಕಿಕೊಂಡು, ಓಣಿಯವರ ಜೊತೆ ಮಾತಾಡುತ್ತಲೇ ಕಿವಿ ಉದುರಿಸುತ್ತಿರುತ್ತಾರೆ. ಕಣ್ಣು ಹಲಗೆಯ ಮೇಲಿರುವುದೇ ಇಲ್ಲ. ಅದನ್ನು ಫೋನಿನಲ್ಲಿ ನೋಡಿದವರಿಗೆಲ್ಲ ‘ಇಷ್ಟೇನಾ!’ ಅನ್ನಿಸುತ್ತದೆ. ಮುಂದಿನದಕ್ಕೆಲ್ಲ ಆ ‘ಇಷ್ಟೇನಾ’ ಒಂದೇ ಕಾರಣ.

ಲೆಕ್ಕ ನಿಜಕ್ಕೂ ಸಣ್ಣದು. ನಾಲ್ಕು ಜನಕ್ಕೆ 400 ಗ್ರಾಂ ಹಿಟ್ಟು, 200 ಮಿಲಿಲೀಟರ್ ಉಗುರುಬೆಚ್ಚಗಿನ ನೀರು. ಮೊಟ್ಟೆ ಇಲ್ಲ, ಎಣ್ಣೆ ಇಲ್ಲ. ಮೊಟ್ಟೆ ಒಡೆದು ಹಾಕುವುದು ಉತ್ತರದ ಎಮಿಲಿಯಾ ಕಡೆಯ ಶ್ರೀಮಂತಿಕೆ. ಹಿಟ್ಟು ಮಾತ್ರ ಸೆಮೊಲಾ ರಿಮಚಿನಾತಾ ಆಗಿರಬೇಕು. ಸೆಮೊಲಾ ಅಂದರೆ ಡ್ಯೂರಂ ಎಂಬ ಗಟ್ಟಿ ಗೋಧಿಯ ರವೆ, ಮಚಿನಾತಾ ಅಂದರೆ ಬೀಸಿದ್ದು, ಮುಂದಿನ ‘ರಿ’ ಅಂದರೆ ಮತ್ತೊಮ್ಮೆ. ಪುಲ್ಯಾದ ಫೊಜ್ಜಾ ಬಯಲು ಈ ಗೋಧಿಯ ತವರು. ನಜಾರೆನೊ ಸ್ತ್ರಾಂಪೆಲ್ಲಿ ಎಂಬ ತಳಿವಿಜ್ಞಾನಿ ಅಲ್ಲಿ ಆಯ್ದು ಬೆಳೆಸಿ 1923ರಲ್ಲಿ ರೈತರಿಗೆ ಕೊಟ್ಟ ತಳಿಯ ಹೆಸರು ‘ಸೆನತೋರೆ ಕಪ್ಪೆಲ್ಲಿ’, ಅಂದರೆ ಕಪ್ಪೆಲ್ಲಿ ಎಂಬ ಸೆನೆಟರ್. ರಾಜಕಾರಣಿಯನ್ನು ಕುಟ್ಟಿ ಬೀಸಿ ತಿನ್ನುವ ಅವಕಾಶ ಎಲ್ಲ ದೇಶದವರಿಗೂ ಸಿಗುವುದಿಲ್ಲ.

ನಮ್ಮ ದಿನಸಿ ಅಂಗಡಿಯ ಬನ್ಸಿ ರವೆಯೂ ಡ್ಯೂರಂ ಗೋಧಿಯದೇ. ಹಾಗಾಗಿ ಉಪ್ಪಿಟ್ಟಿನ ಡಬ್ಬಕ್ಕೆ ಕೈ ಹಾಕಿದ್ದು ತಪ್ಪಲ್ಲ, ತಪ್ಪಾಗುವುದು ಆ ‘ರಿ’ಯನ್ನು ಮರೆತಾಗ. ದಪ್ಪ ರವೆಗೆ ನೀರು ಹಾಕಿದರೆ ಕಾಳಿನ ಮೈ ಮಾತ್ರ ಒದ್ದೆಯಾಗುತ್ತದೆ, ಒಳಗೆ ಒಣಗಿಯೇ ಇರುತ್ತದೆ. ನೋಡುವವರಿಗೆ ನೀರು ಹೆಚ್ಚಾದ ಹಾಗೆ ಕಾಣುತ್ತದೆ, ಇನ್ನೊಂದು ಹಿಡಿ ರವೆ ಬೀಳುತ್ತದೆ. ಹತ್ತು ನಿಮಿಷದಲ್ಲಿ ಕಾಳು ನೀರನ್ನೆಲ್ಲ ಕುಡಿದು ಮುದ್ದೆ ಬಿರಿಯುತ್ತದೆ, ಇನ್ನೊಂದು ಲೋಟ ನೀರು. ನಾಲ್ಕು ಜನರ ಅಡುಗೆ ಮದುವೆಮನೆಯ ಕೊಪ್ಪರಿಗೆಯಾಗುವುದು ಹೀಗೆ. ಮಿಕ್ಸಿಗೆ ಒಂದೊಂದೇ ಲೋಟ ಹಾಕಿ, ಜಾರು ಬಿಸಿಯೇರದ ಹಾಗೆ ನಿಲ್ಲಿಸಿ ನಿಲ್ಲಿಸಿ ತಿರುಗಿಸಿ, ಜರಡಿ ಹಿಡಿಯಬೇಕು. ಬೆರಳಲ್ಲಿ ಉಜ್ಜಿದರೆ ಮೈದಾದಷ್ಟು ನಯವಿರಬಾರದು, ರಂಗೋಲಿ ಪುಡಿಯಷ್ಟು ತರಿ ಇದ್ದರೆ ಸರಿ.

ಪ್ಯಾಕೆಟ್ ಓದದವರು ‘ಹುರಿದ ರವೆ’ ತಂದಿರುತ್ತಾರೆ. ಉಪ್ಪಿಟ್ಟಿಗೆ ಅದು ವರ, ಇಲ್ಲಿ ಶಾಪ. ಹಿಟ್ಟನ್ನು ಹಿಡಿದಿಡುವ ಅಂಟು, ಅಂದರೆ ಗ್ಲುಟೆನ್, ಬಿಸಿಗೆ ಕೆಟ್ಟುಹೋಗಿರುತ್ತದೆ. ಎಷ್ಟು ನಾದಿದರೂ ಅದು ಒದ್ದೆ ಮರಳೇ. ಸುಲಭವಾಗಲಿ ಅಂತ ಮೈದಾ ಹಾಕಿದವರಿಗೆ ಇದರ ಉಲ್ಟಾ ಗತಿ. ಮೈದಾದ ಅಂಟು ರಬ್ಬರಿನ ಹಾಗೆ, ಎಳೆದಷ್ಟೂ ಹಿಂದಕ್ಕೆ ಓಡುತ್ತದೆ. ಡ್ಯೂರಂನ ಅಂಟು ಹಟಮಾರಿ, ಒಮ್ಮೆ ಮಡಿಸಿದರೆ ಮಡಿಸಿದ ಹಾಗೇ ನಿಲ್ಲುತ್ತದೆ. ಕಿವಿಗೆ ಬೇಕಾದದ್ದು ಆ ಹಟ.

ಅಂಗೈಯ ಬುಡದಿಂದ ಒತ್ತಿ ಒತ್ತಿ ಹತ್ತು ನಿಮಿಷ ನಾದಿ, ಬೋಗುಣಿ ಮುಚ್ಚಿ ಅರ್ಧ ಗಂಟೆ ಬಿಡಬೇಕು. ಕಿವಿಹಾಲೆಗಿಂತ ತುಸು ಗಟ್ಟಿ ಇದ್ದರೆ ಹದ ಬಂತು ಅನ್ನಿ. ಹೋಲಿಸಲು ದೂರ ಹೋಗಬೇಕಾಗಿಲ್ಲ. ಆದರೆ ಹಿಟ್ಟು ಮೆತ್ತಿದ ಕೈಯಲ್ಲೇ ಕಿವಿ ಮುಟ್ಟಿ ನೋಡಿದವರು ಸಂಜೆಯವರೆಗೂ ಹಾಗೇ ತಿರುಗಾಡುತ್ತಾರೆ, ಮನೆಯಲ್ಲಿ ಯಾರೂ ಹೇಳುವುದಿಲ್ಲ.

ಇನ್ನು ಎಳೆತ. ಮುದ್ದೆಯಿಂದ ಒಂದು ತುಂಡು ಮುರಿದು, ಒಂದು ಸೆಂಟಿಮೀಟರ್ ದಪ್ಪದ ಹುರಿ ಹೊಸೆದು, ಒಂದೊಂದು ಸೆಂಟಿಮೀಟರಿಗೆ ಕತ್ತರಿಸಬೇಕು. ಉಳಿದ ಮುದ್ದೆ ಮುಚ್ಚಿಯೇ ಇರಲಿ, ಒಣಗಿದ ಹುರಿಯಿಂದ ಬರುವುದು ಸೀಳುಗಿವಿ. ಚಾಕು ಬೆಣ್ಣೆ ಸವರುವಂಥದ್ದು, ತುದಿ ಗುಂಡಗೆ, ಹಲ್ಲಿಲ್ಲದ್ದು. ಅಲಗನ್ನು ಹೆಚ್ಚುಕಮ್ಮಿ ಮಲಗಿಸಿ, ತುಂಡಿನ ಆಚೆ ಅಂಚಿಗೆ ಒತ್ತಿ ನಿಮ್ಮ ಕಡೆಗೆ ಎಳೆಯಿರಿ. ಹಿಟ್ಟು ಅಲಗಿನಡಿ ತೆಳ್ಳಗಾಗುತ್ತಾ ಅಲಗಿಗೇ ಸುತ್ತಿಕೊಂಡು ಪುಟ್ಟ ದೋಣಿಯಾಗುತ್ತದೆ. ಅದನ್ನು ಹೆಬ್ಬೆರಳ ತುದಿಗೆ ಹಾಕಿ, ಎರಡು ಬೆರಳಲ್ಲಿ ಅಂಚು ಹಿಡಿದು, ಕಾಲುಚೀಲ ಮಗುಚಿದ ಹಾಗೆ ಒಳಗಿನದನ್ನು ಹೊರಗೆ ಮಾಡಬೇಕು. ಚಾಕು ಗೀರಿ ತರಿತರಿಯಾದ ಮೈ ಈಗ ಹೊರಗೆ ಬಂತು. ಸಾಸ್ ಹಿಡಿಯುವುದು ಆ ತರಿ. ನಡು ತೆಳ್ಳಗೆ, ಅಂಚು ದಪ್ಪ, ಅಗಲ ಒಂದು ರೂಪಾಯಿ ನಾಣ್ಯದಷ್ಟು.

ಈಗಿನ ಅಡುಗೆಮನೆಯ ಗ್ರಾನೈಟ್ ಕಟ್ಟೆಯ ಮೇಲೆ ಇದನ್ನು ಮಾಡಲು ಹೊರಟವರ ತುಂಡು ಎಳೆದ ರಭಸಕ್ಕೆ ಹಾರಿ ಗ್ಯಾಸ್ ಒಲೆಯ ಹಿಂದೆ ಅಡಗುತ್ತದೆ. ಹಿಟ್ಟಿಗೆ ತಡೆ ಬೇಕು, ನುಣುಪು ಕಲ್ಲಿನಲ್ಲಿ ತಡೆಯೇ ಇಲ್ಲ. ಪಾಲಿಶ್ ಇಲ್ಲದ ಮರದ ಚಪಾತಿ ಮಣೆ ಸಾಕು. ಆದರೆ ಮಣೆ ಕಂಡೊಡನೆ ಚಪಾತಿಯ ಅಭ್ಯಾಸ ಮೇಲೆದ್ದು ಒಣಹಿಟ್ಟು ಉದುರುತ್ತದೆ. ಮಣೆಯೂ ಗ್ರಾನೈಟ್ ಆಯಿತು. ಒಣಹಿಟ್ಟು ಬೇಕಾಗುವುದು ಕಿವಿಗಳು ತಯಾರಾಗಿ ಕೂತ ಮೇಲೆ, ಒಂದಕ್ಕೊಂದು ಅಂಟದಿರಲು.

ಲೆಕ್ಕ ಹಾಕದೆ ಕೂರುವುದು ಇನ್ನೊಂದು. 600 ಗ್ರಾಂ ಮುದ್ದೆಗೆ ಸುಮಾರು 500 ಕಿವಿ ಬರುತ್ತವೆ. ಹೊಸಬರು ನಿಮಿಷಕ್ಕೆ ಐದು ಮಾಡಿದರೆ ನೂರು ನಿಮಿಷ. ನೆಂಟರನ್ನು ಒಂದು ಗಂಟೆಗೆ ಊಟಕ್ಕೆ ಕರೆದು ಹನ್ನೆರಡೂವರೆಗೆ ಹುರಿ ಹೊಸೆಯಲು ಕೂತವರ ಮನೆಯಲ್ಲಿ ಎರಡು ಗಂಟೆಗೆ ನೆಂಟರೂ ಕಿವಿ ಎಳೆಯುತ್ತಿರುತ್ತಾರೆ.

ಇಷ್ಟೆಲ್ಲ ಆದರೂ ಬಾರಿಯವರು ಕೆಟ್ಟದ್ದನ್ನು ಕೆಟ್ಟಿತು ಅನ್ನುವ ಪೈಕಿಯಲ್ಲ. ಪುಲ್ಯಾದಲ್ಲಿ ತಪ್ಪಿಗೊಂದು ನಾಮಕರಣ ಮೊದಲೇ ಆಗಿರುತ್ತದೆ. ಹೆಬ್ಬೆರಳಿಗೆ ಹಾಕಿ ಮಗುಚಲು ಬರಲಿಲ್ಲವೇ? ಅದು ಸ್ತ್ರಾಶಿನಾತಿ, ‘ಎಳೆದದ್ದು’. ಚಾಕು ಬಿಟ್ಟು ಬೆರಳಲ್ಲೇ ಒತ್ತಿ ಎಳೆದಿರಾ? ಕವತೆಲ್ಲಿ. ಕೈ ಜಾರಿ ಉದ್ದಕ್ಕೆ ಹರಡಿತೇ? ಫೊಲ್ಯೆ ದುಲೀವೊ, ಆಲಿವ್ ಎಲೆ. ತುಂಡು ದೊಡ್ಡದಾಗಿ ಕಿವಿ ಆನೆಗಿವಿಯಾಯಿತೇ? ಅದಕ್ಕೆ ‘ಪಾದ್ರಿಯ ಕಿವಿ’ ಅನ್ನುತ್ತಾರೆ, ಪಾಪನಿವೇದನೆ ಕೇಳಿ ಕೇಳಿ ಬೆಳೆದಿರಬೇಕು. ಅರ್ಧ ಕಿವಿ, ಅರ್ಧ ಕೊಳವೆಗಳು ಬೆರೆತುಹೋದರೆ? ಪುಲ್ಯಾದ ದಕ್ಷಿಣ ತುದಿಯ ಸಲೆಂತೊ ಕಡೆ ಅದು ಮಾರಿತಾತಿ, ಅಂದರೆ ‘ಮದುವೆಯಾದವು’. ಕಿವಿ ಹೆಣ್ಣು, ಕೊಳವೆ ಗಂಡು. ಹೆಚ್ಚು ಕೇಳಬೇಡಿ.

ಹಿಟ್ಟು ಸುಟ್ಟರೂ ಹೆಸರುಂಟು, ಗ್ರಾನೊ ಆರ್ಸೊ, ಸುಟ್ಟ ಗೋಧಿ. ಕೊಯ್ಲಾದ ಹೊಲಕ್ಕೆ ಬೆಂಕಿ ಹಾಕಿದ ಮೇಲೆ ಬಡವರು ಆಯ್ದುಕೊಂಡ ಕಾಳಿನ ಹಿಟ್ಟು ಎಂದು ಕತೆ ಹೇಳುತ್ತಾರೆ. ಈಗ ಬೇಕೆಂದೇ ಹುರಿದು ದುಬಾರಿ ಬೆಲೆಗೆ ಮಾರುತ್ತಾರೆ. ಹುರಿದ ರವೆಯ ಕತೆಯೇ ಇಲ್ಲೂ, ಅಂಟು ಸತ್ತಿರುತ್ತದೆ. ಅದಕ್ಕೇ ಒಂದು ಪಾಲು ಸುಟ್ಟ ಹಿಟ್ಟಿಗೆ ಮೂರು ನಾಲ್ಕು ಪಾಲು ಒಳ್ಳೆಯ ಸೆಮೊಲಾ ಬೆರೆಸುವುದು. ಪೂರ್ತಿ ಸುಟ್ಟದ್ದನ್ನೇ ಕಲಸಿದವರಿಗೆ ಕಪ್ಪು ಪುಡಿ ಮತ್ತು ಒಂದು ಹೊಗೆಯ ವಾಸನೆ ಉಳಿಯುತ್ತದೆ.

ಒಂದೇ ಒಂದು ತಪ್ಪಿಗೆ ಅಲ್ಲೂ ಹೆಸರಿಟ್ಟಿಲ್ಲ. ಕಿವಿಯೊಳಗೆ ಕಿವಿ ಕೂರುವುದು. ಆಕಾರವೇ ಬಟ್ಟಲು, ಬಟ್ಟಲುಗಳ ಬುದ್ಧಿ ಒಂದರೊಳಗೊಂದು ಸೇರಿಕೊಳ್ಳುವುದು. ಮಾಡಿದ್ದನ್ನು ತಟ್ಟೆಯಲ್ಲಿ ಗುಡ್ಡೆ ಹಾಕಿ ಒಟ್ಟಿಗೇ ಕುದಿನೀರಿಗೆ ಸುರಿದರೆ ನಾಲ್ಕೈದು ಕಿವಿಗಳ ಗೋಪುರಗಳು ತೇಲುತ್ತವೆ. ಹೊರಗಿನದು ಬೆಂದು ಮೆತ್ತಗಾಗಿರುತ್ತದೆ, ಒಳಗಿನದು ಹಸಿ ಹಿಟ್ಟು. ಬಟ್ಟೆಯ ಮೇಲೆ, ಅಥವಾ ಬಾರಿಯವರ ಹಾಗೆ ಮರದ ಚೌಕಟ್ಟಿನ ಜಾಲರಿಯ ಮೇಲೆ, ಬಿಡಿಬಿಡಿಯಾಗಿ ಒಂದೆರಡು ಗಂಟೆ ಹರಡಿ. ನೀರು 100 ಗ್ರಾಂ ಪಾಸ್ತಾಕ್ಕೆ ಒಂದು ಲೀಟರ್. ಹಾಕಿದ ಮೊದಲ ನಿಮಿಷ ಸೌಟು ನಿಲ್ಲಬಾರದು. ಆಮೇಲೆ ನೀವು ನಿಂತರೂ ನಡೆಯುತ್ತದೆ. ಹಸಿಯದು ನಾಲ್ಕೈದು ನಿಮಿಷಕ್ಕೆ ಬೇಯುತ್ತದೆ, ಅಂಗಡಿಯ ಒಣಗಿದ್ದಕ್ಕೆ ಹತ್ತು ಹನ್ನೆರಡು ಬೇಕು. ಗಡಿಯಾರಕ್ಕಿಂತ ಒಂದನ್ನು ಕಚ್ಚಿ ನೋಡುವುದು ವಾಸಿ. ಅಂಚು ಕೊನೆಯಲ್ಲಿ ಬೇಯುವುದರಿಂದ ಅಂಚನ್ನೇ ಕಚ್ಚಬೇಕು. ನಡುವನ್ನು ಕಚ್ಚಿ ‘ಆಯ್ತು’ ಅಂದವರು ಟೋಪಿ ಹಾಕಿಸಿಕೊಂಡರು.

ಮೇಲೋಗರ ಚೀಮೆ ದಿ ರಾಪಾ, ಮೊಗ್ಗು ಬಿಟ್ಟ ಟರ್ನಿಪ್ ಸೊಪ್ಪು. ತುಸು ಕಹಿ, ಆ ಕಹಿಗೇ ಅದರ ಬೆಲೆ. ನಾಲ್ಕು ಜನಕ್ಕೆ ಒಂದು ಕಿಲೋ ಸೊಪ್ಪು ಅಂದರೆ ಹೊಸಬರು ಮಾರುಕಟ್ಟೆಯಲ್ಲೇ ಬೆಚ್ಚುತ್ತಾರೆ, ಅರ್ಧ ತರುತ್ತಾರೆ. ದಂಟು ತೆಗೆದು ಬೇಯಿಸಿದ ಮೇಲೆ ಉಳಿಯುವುದು ಒಂದು ಬೊಗಸೆ. ಸೊಪ್ಪು ಮೊದಲು ಕುದಿನೀರಿಗೆ, ಐದು ನಿಮಿಷ ಬಿಟ್ಟು ಅದೇ ನೀರಿಗೆ ಕಿವಿಗಳು. ಎರಡನ್ನೂ ಒಟ್ಟಿಗೇ ಬಸಿಯುವುದು. ಬೇರೆ ಬೇರೆ ಪಾತ್ರೆಯಲ್ಲಿ ಬೇಯಿಸಿದರೆ ಸೊಪ್ಪಿನ ರುಚಿಯೆಲ್ಲ ಸಿಂಕಿಗೆ. ಅತ್ತ ಬಾಣಲೆಯಲ್ಲಿ ಆಲಿವ್ ಎಣ್ಣೆ, ಎರಡು ಎಸಳು ಬೆಳ್ಳುಳ್ಳಿ, ಒಂದು ಒಣಮೆಣಸಿನಕಾಯಿ, ಉಪ್ಪಿನಲ್ಲಿಟ್ಟ ನಾಲ್ಕೈದು ಆಂಚೊವಿ ಮೀನು, ನಮ್ಮ ಕರಾವಳಿಯ ಬೊಳಂಜಿರಿನ ದಾಯಾದಿ. ಸಣ್ಣ ಉರಿಯಲ್ಲಿ ಮೀನು ಎಣ್ಣೆಗೆ ಕರಗಿಹೋಗಬೇಕು. ಉರಿ ಹೆಚ್ಚಿಸಿದರೆ ಮೀನು ಕರಗುವ ಬದಲು ಸಿಡಿಯುತ್ತದೆ, ಬೆಳ್ಳುಳ್ಳಿ ಕಪ್ಪಾಗಿ ಸೊಪ್ಪಿನ ಕಹಿಗೆ ಇನ್ನೊಂದು ಕಹಿ ಸೇರುತ್ತದೆ. ನೀರಿಗೆ ಲೀಟರಿಗೆ 10 ಗ್ರಾಂ ಉಪ್ಪು ಅನ್ನುವ ಸೂತ್ರ ಇಲ್ಲಿ ಏಳಕ್ಕೆ ಇಳಿಯಬೇಕು, ಉಳಿದ ಮೂರನ್ನು ಮೀನು ತರುತ್ತದೆ. ಮೇಲೆ ಚೀಸ್ ಉದುರಿಸಲು ಹೋದವರನ್ನು ಬಾರಿಯ ಅಜ್ಜಿ ನೋಡುವ ನೋಟ, ಮೊಸರನ್ನಕ್ಕೆ ಕೆಚಪ್ ಕೇಳಿದವರನ್ನು ನಮ್ಮ ಅಜ್ಜಿ ನೋಡುವ ನೋಟವೇ. ಚೀಸ್ ಬದಲು ಎಣ್ಣೆಯಲ್ಲಿ ಕೆಂಪಗೆ ಹುರಿದ ಬ್ರೆಡ್ ಪುಡಿ.

ಈ ಕಿವಿಗಳ ಹಿಂದೆ ಪೊಲೀಸರೂ ಬಿದ್ದದ್ದುಂಟು. 2019ರಲ್ಲಿ ಬಾರಿಯ ಒಂದು ಹೋಟೆಲಿನಲ್ಲಿ ಮೂರು ಕಿಲೋ ಒರೆಕ್ಕ್ಯೆತ್ತೆ ಸಿಕ್ಕಿತು. ಎಲ್ಲಿ, ಯಾರು ಮಾಡಿದ್ದೆಂಬ ಚೀಟಿ ಇರಲಿಲ್ಲ. ದಂಡ ಹಾಕಿ ಅಷ್ಟನ್ನೂ ಕಸಕ್ಕೆ ಹಾಕಿಸಿದರು. ಓಣಿಯ ಹೆಂಗಸರು ಕಂಗಾಲಾದರು. 2024ರಲ್ಲಿ ಕತೆ ಉಲ್ಟಾ ಆಯಿತು, ಕೈಯಿಂದ ಮಾಡಿದ್ದೆಂದು ಮಾರುವ ಜಾಗದ ಹತ್ತಿರ ಕಾರ್ಖಾನೆ ಪಾಸ್ತಾದ ಖಾಲಿ ರಟ್ಟಿನ ಡಬ್ಬಗಳು ಸಿಕ್ಕಿದ್ದು ದೊಡ್ಡ ಸುದ್ದಿಯಾಯಿತು. ಕೊಳ್ಳುವವರು ಒಂದು ಹಿಡಿ ಅಂಗೈಗೆ ಸುರಿದುಕೊಂಡು ನೋಡಬೇಕು. ಒಂದು ಸೊಟ್ಟ, ಒಂದು ಗುಂಡು, ಒಂದರ ಅಂಚು ಹರಿದಿದೆ ಅಂದರೆ ಕೈಕೆಲಸ. ಎಲ್ಲವೂ ಒಂದೇ ಅಚ್ಚಿನಲ್ಲಿ ಎರಕ ಹೊಯ್ದ ಹಾಗಿದ್ದರೆ, ಓಣಿಯವರು ಹೂವಿಟ್ಟಿರುವುದು ನಿಮ್ಮ ಕಿವಿಗೆ.